ಒಲವಿಗೆ ಸರಿಯಾದ ಪದ: ಸಲಿಂಗ ಆಕರ್ಷಣೆಯ ಬಗ್ಗೆ ಕನ್ನಡದಲ್ಲಿ ಬರೆಯುವ, ಮಾತಾಡುವ ಬಗೆ

ಗೇ (ಗಂಡಸರ ಕಡೆ ಒಲವಿರುವ ಗಂಡಸು), ಲೆಸ್ಬಿಯನ್ (ಹೆಂಗಸರ ಕಡೆ ಒಲವಿರುವ ಹೆಂಗಸು) ಎಂಬ ಪದಗಳು ನಗರದ ಕಾಲೇಜುಗಳಲ್ಲಿ ಸಲೀಸಾಗಿ ಓಡಾಡುತ್ತವೆ. ಅದೇ ವಿಷಯವನ್ನು ಕನ್ನಡದಲ್ಲಿ ಬರೆಯಲು ಕೂತಾಗ, ಇಲ್ಲವೇ ಊರಲ್ಲಿರುವ ಅಜ್ಜಿಗೆ ವಿವರಿಸಬೇಕಾದಾಗ ಮಾತು ತಡವರಿಸುತ್ತದೆ. ಕನ್ನಡದಲ್ಲಿ ಪದಗಳಿಗೆ ಬರವಿಲ್ಲ. ಆದರೆ ಒಂದೊಂದು ಪದವೂ ಒಂದೊಂದು ಸಂಗತಿಯನ್ನು ಹೇಳುತ್ತದೆ, ಒಂದರ ಜಾಗಕ್ಕೆ ಇನ್ನೊಂದು ಬಂದರೆ ಯಾರದೋ ಪ್ರೀತಿ ಅಪರಾಧದಂತೆಯೋ ಕಾಯಿಲೆಯಂತೆಯೋ ಕೇಳಿಸಿಬಿಡುತ್ತದೆ. ವರದಿಗಾರರು, ಅನುವಾದಕರು, ಮೇಷ್ಟ್ರುಗಳು, ಆಪ್ತಸಮಾಲೋಚಕರು, ಮನೆಯವರ ಜೊತೆ ಈ ಮಾತು ತೆಗೆಯಬೇಕಾದವರು ಇದನ್ನು ಹೆಜ್ಜೆ ಹೆಜ್ಜೆಯಾಗಿ ಬಳಸಿಕೊಳ್ಳಬಹುದು.

ಹೆಜ್ಜೆ 1: ಹೇಳಬೇಕಾದದ್ದು ಏನು ಎಂದು ಮೊದಲು ಗೊತ್ತುಮಾಡಿಕೊಳ್ಳಿ

ಇಲ್ಲಿ ನಾಲ್ಕು ಸಂಗತಿಗಳು ಒಂದರೊಳಗೊಂದು ಕಲಸಿಹೋಗುತ್ತವೆ. ಮನಸ್ಸು ಯಾರ ಕಡೆ ವಾಲುತ್ತದೆ ಎಂಬುದು ಒಲವು ಅಥವಾ ಆಕರ್ಷಣೆ. ಯಾರ ಜೊತೆ ದೈಹಿಕ ಸಂಬಂಧವಿದೆ ಎಂಬುದು ನಡವಳಿಕೆ. ವ್ಯಕ್ತಿ ತನ್ನನ್ನು ತಾನು ಏನೆಂದು ಕರೆದುಕೊಳ್ಳುತ್ತಾರೆ ಎಂಬುದು ಗುರುತು. ತಾನು ಗಂಡೋ, ಹೆಣ್ಣೋ, ಎರಡರ ಆಚೆಯೋ ಎಂಬ ಒಳಗಿನ ಅರಿವು ಲಿಂಗತ್ವ.

ಇವು ಒಂದಕ್ಕೊಂದು ಹೊಂದಿಕೊಂಡೇ ಇರಬೇಕೆಂದಿಲ್ಲ. ಮದುವೆಯಾಗಿ ಮಕ್ಕಳಿರುವ ಗಂಡಸಿಗೆ ಗಂಡಸರ ಜೊತೆ ಸಂಬಂಧವಿರಬಹುದು, ಆದರೂ ಆತ ತನ್ನನ್ನು ಗೇ ಎಂದು ಕರೆದುಕೊಳ್ಳದಿರಬಹುದು. ಎಚ್‌ಐವಿ ತಡೆ ಕಾರ್ಯಕ್ರಮಗಳಲ್ಲಿ ಎಂಎಸ್‌ಎಂ, ಅಂದರೆ ‘ಪುರುಷರೊಂದಿಗೆ ಲೈಂಗಿಕ ಸಂಪರ್ಕ ಹೊಂದುವ ಪುರುಷರು’ ಎಂಬ ಉದ್ದನೆಯ ಮಾತು ಬಂದದ್ದು ಇದೇ ಕಾರಣಕ್ಕೆ: ಅಲ್ಲಿ ಬೇಕಾದದ್ದು ನಡವಳಿಕೆ, ಗುರುತಲ್ಲ. ಆರೋಗ್ಯ ಕೇಂದ್ರದ ವರದಿಗೆ ಅದು ಸರಿಯಾದ ಪದ. ಒಬ್ಬ ಯುವಕನ ಬದುಕಿನ ಬಗ್ಗೆ ಬರೆಯುವಾಗ ಅದನ್ನೇ ಬಳಸಿದರೆ ಆತ ಅಂಕಿಅಂಶದ ಒಂದು ಸಾಲಾಗಿಬಿಡುತ್ತಾನೆ. ಇನ್ನೊಂದು ತುದಿಯಲ್ಲಿ, ಹುಟ್ಟಿದಾಗ ಗಂಡೆಂದು ಬರೆಸಿಕೊಂಡು ಹೆಣ್ಣಾಗಿ ಬದುಕುವ ಟ್ರಾನ್ಸ್ ಮಹಿಳೆಯನ್ನು ಆ ಕಾರಣಕ್ಕೇ ‘ಸಲಿಂಗಕಾಮಿ’ ಎನ್ನುವುದು ಪೂರ್ತಿ ತಪ್ಪು. ಅದು ಲಿಂಗತ್ವದ ಮಾತು, ಆಕರ್ಷಣೆಯದಲ್ಲ.

ಕನ್ನಡದಲ್ಲಿ ಈ ಗೊಂದಲಕ್ಕೆ ಇನ್ನೊಂದು ಕಾರಣವಿದೆ. ಎಲ್ಲವೂ ‘ಲಿಂಗ’ ಎಂಬ ಒಂದೇ ಬೇರಿನಿಂದ ಹುಟ್ಟುತ್ತವೆ: ಲಿಂಗ, ಲಿಂಗತ್ವ, ಲೈಂಗಿಕ. ‘ಲೈಂಗಿಕ ಅಲ್ಪಸಂಖ್ಯಾತರು’ ಎಂಬುದು ಗೇ, ಲೆಸ್ಬಿಯನ್, ಬೈಸೆಕ್ಶುವಲ್ (ಗಂಡು, ಹೆಣ್ಣು ಇಬ್ಬರ ಕಡೆಗೂ ಒಲವಿರುವವರು) ಮುಂತಾದ ಎಲ್ಲರನ್ನೂ ಒಳಗೊಳ್ಳುವ ಚಳವಳಿಯ ಪದ. ‘ಲಿಂಗತ್ವ ಅಲ್ಪಸಂಖ್ಯಾತರು’ ಎಂದರೆ ಸರ್ಕಾರಿ ಬಳಕೆಯಲ್ಲಿ ಟ್ರಾನ್ಸ್‌ಜೆಂಡರ್ ಸಮುದಾಯ. ಕರ್ನಾಟಕದ ಪಿಂಚಣಿ ಯೋಜನೆ, ನೇಮಕಾತಿಯ ಶೇ 1ರ ಮೀಸಲಾತಿ ಇವೆಲ್ಲ ಈ ಎರಡನೆಯ ಗುಂಪಿಗೆ ಸೇರಿದವು. ಎರಡಕ್ಷರದ ವ್ಯತ್ಯಾಸದಿಂದ ಸುದ್ದಿಯೇ ಸುಳ್ಳಾಗುವುದರಿಂದ ಅಚ್ಚಿಗೆ ಹೋಗುವ ಮುನ್ನ ಈ ಜೋಡಿಯನ್ನು ಇನ್ನೊಮ್ಮೆ ನೋಡಿ. ಇವೆರಡೂ ಗುಂಪಿಗೆ ಹೊಂದುವ ಪದಗಳು. ಒಬ್ಬ ವ್ಯಕ್ತಿಯನ್ನು ತೋರಿಸಿ ‘ಇವರು ಲೈಂಗಿಕ ಅಲ್ಪಸಂಖ್ಯಾತ’ ಎಂದರೆ ಕಚೇರಿಯ ಕಡತ ಓದಿದಂತಿರುತ್ತದೆ.

ಹೆಜ್ಜೆ 2: ಪದವನ್ನು ಬಿಡಿಸಿ ನೋಡಿ

‘ಸಲಿಂಗ’ದ ಮೊದಲಕ್ಷರ ಎಲ್ಲರೂ ಶಾಲೆಯಲ್ಲಿ ಕಂಡದ್ದೇ. ಸವರ್ಣದೀರ್ಘ ಸಂಧಿಯ ‘ಸವರ್ಣ’ದಲ್ಲಿ, ಸಗೋತ್ರದಲ್ಲಿ, ಸೋದರನಲ್ಲಿ ಇರುವ ಆ ‘ಸ’ಕ್ಕೆ ಸಮಾನ, ಒಂದೇ ಎಂದರ್ಥ. ಸಚಿತ್ರ, ಸಕುಟುಂಬ ಎಂಬಲ್ಲಿನ ‘ಜೊತೆಗೂಡಿದ’ ಎಂಬರ್ಥದ ‘ಸ’ ಇದಲ್ಲ. ಹಾಗಾಗಿ ಸಲಿಂಗ ಎಂದರೆ ಒಂದೇ ಲಿಂಗದ. ಇಷ್ಟರವರೆಗೆ ಪದ ಯಾವ ತೀರ್ಪನ್ನೂ ಕೊಡುವುದಿಲ್ಲ. ‘ಸಮಲಿಂಗ’ ಎಂದರೂ ಅರ್ಥ ಅದೇ, ಬಳಕೆಯಲ್ಲಿ ಗಟ್ಟಿಯಾಗಿರುವುದು ಸಲಿಂಗ.

ಭಾರ ಬೀಳುವುದು ಅದರ ಬಾಲದ ಮೇಲೆ. ‘ಕಾಮ’ ನಾಲ್ಕು ಪುರುಷಾರ್ಥಗಳಲ್ಲಿ ಒಂದು, ಅಲ್ಲಿ ಅದಕ್ಕೆ ಗೌರವದ ಸ್ಥಾನವಿದೆ. ಅದೇ ಕಾಮ ಅರಿಷಡ್ವರ್ಗದ ಪಟ್ಟಿಯಲ್ಲೂ ಮೊದಲಿಗೆ ನಿಂತಿದೆ. ಇವತ್ತಿನ ಆಡುಮಾತಿನಲ್ಲಿ ಉಳಿದಿರುವುದು ಹೆಚ್ಚಾಗಿ ಎರಡನೆಯದು, ‘ಕಾಮುಕನ ಬಂಧನ’ ಎಂಬ ತಲೆಬರಹಗಳಲ್ಲಿರುವ ಅರ್ಥ. ಹೀಗಾಗಿ ‘ಸಲಿಂಗಕಾಮಿ’ ಎಂದಾಗ ಕೇಳುಗರ ಕಿವಿಗೆ ‘ಸಲಿಂಗ’ಕ್ಕಿಂತ ‘ಕಾಮಿ’ ಮೊದಲು ಬೀಳುತ್ತದೆ. ಸರಳ ಪರೀಕ್ಷೆಯೊಂದಿದೆ: ಹೆಂಡತಿಯನ್ನು ಪ್ರೀತಿಸುವ ಗಂಡನನ್ನು ‘ಭಿನ್ನಲಿಂಗಕಾಮಿ’ ಎಂದು ಯಾರಾದರೂ ಪರಿಚಯಿಸುತ್ತಾರೆಯೇ? ಇಬ್ಬರು ಹುಡುಗಿಯರು ಹತ್ತು ವರ್ಷ ಜೊತೆಗಿದ್ದು, ಒಬ್ಬಳ ಜ್ವರಕ್ಕೆ ಇನ್ನೊಬ್ಬಳು ಗಂಜಿ ಮಾಡಿಕೊಟ್ಟು ಬದುಕಿದ್ದನ್ನು ‘ಕಾಮ’ ಎಂಬ ಒಂದೇ ಪದ ಹಿಡಿಯಲಾರದು.

‘ಸಲಿಂಗಕಾಮಿ’ ಬೈಗುಳವಲ್ಲ ಎಂಬುದೂ ನೆನಪಿರಲಿ. ಹಲವು ವರ್ಷಗಳ ಕಾಲ ಕನ್ನಡದಲ್ಲಿ ಅಚ್ಚಾಗಿ ಸಿಗುತ್ತಿದ್ದ ಪದವೇ ಅದು, ಅದನ್ನೇ ಎತ್ತಿಕೊಂಡು ತಲೆಯೆತ್ತಿ ಹೇಳಿಕೊಂಡವರಿದ್ದಾರೆ. ಅವರ ಮಾತನ್ನು ಉಲ್ಲೇಖಿಸುವಾಗ ತಿದ್ದಬೇಡಿ. ಹಳೆಯ ಬರಹಗಳನ್ನು ಹುಡುಕುವವರು ಈ ಪದವನ್ನೂ ‘ಸಲಿಂಗರತಿ’ಯನ್ನೂ ಹಾಕಿಯೇ ಹುಡುಕಬೇಕು. ನಿಮ್ಮದೇ ವಾಕ್ಯ ಬರೆಯುವಾಗ ಮಾತ್ರ ಬೇರೆ ಬಾಲ ಆರಿಸಿ:

ಸಲಿಂಗ ಆಕರ್ಷಣೆ: ಪಾಠ, ವೈದ್ಯಕೀಯ, ವಿವರಣೆಯ ಬರಹಗಳಿಗೆ. ಸಂಧಿ ಮಾಡಿ ‘ಸಲಿಂಗಾಕರ್ಷಣೆ’ ಎಂದು ಬರೆದರೆ ವ್ಯಾಕರಣ ಸರಿ, ಓದು ಕಷ್ಟ. ಬಿಡಿಸಿಯೇ ಬರೆಯಿರಿ.

ಸಲಿಂಗ ಪ್ರೇಮ, ಸಲಿಂಗ ಪ್ರೇಮಿ: ಸಂಬಂಧದ ಬಗ್ಗೆ ಹೇಳುವಾಗ. ಯಾರನ್ನೂ ಇನ್ನೂ ಪ್ರೀತಿಸದ ಹದಿನೇಳರ ಹುಡುಗನಿಗೆ ‘ಪ್ರೇಮಿ’ ಹೊಂದುವುದಿಲ್ಲ.

ಸಲಿಂಗಿ: ಚಿಕ್ಕದು, ತಲೆಬರಹಕ್ಕೆ ಒದಗುತ್ತದೆ, ಕಾಮದ ಭಾರವಿಲ್ಲ. ಮೊದಲ ಬಾರಿ ಬಳಸುವಾಗ ಪಕ್ಕದಲ್ಲೇ ಒಂದು ಸಾಲು ವಿವರಣೆ ಕೊಡಿ.

ಇವೆಲ್ಲಕ್ಕಿಂತ ನಾವು ಮುಂದಿಡುವುದು ‘ಒಲವು’ ಎಂಬ ಅಚ್ಚಗನ್ನಡ ಪದವನ್ನು. ವಾಲುವುದು ಎಂಬರ್ಥವೂ ಪ್ರೀತಿ ಎಂಬರ್ಥವೂ ಅದರಲ್ಲಿ ಒಟ್ಟಿಗೆ ಕೂತಿವೆ. ಇಂಗ್ಲಿಷಿನ ಸೆಕ್ಶುವಲ್ ಓರಿಯೆಂಟೇಶನ್‌ಗೆ ‘ಲೈಂಗಿಕ ಒಲವು’ ಎಂದರೆ ಸಾಕು. ‘ಸಲಿಂಗ ಒಲವು’ ಎಂದರೆ ಸಂಸ್ಕೃತಕ್ಕೆ ಕನ್ನಡ ಬೆಸೆದ ಅರಿಸಮಾಸವಾಗುತ್ತದೆ ಎಂದು ಆಕ್ಷೇಪಿಸುವವರಿಗೆ ‘ಮಂಗಳಾರತಿ’ ಎಂಬ ಪದವೇ ಉತ್ತರ, ಅದೂ ಅರಿಸಮಾಸವೇ. ಅದಕ್ಕೂ ಒಪ್ಪದವರು ‘ಸಲಿಂಗಾನುರಾಗ’ ಎನ್ನಬಹುದು.

ನೆರೆಯ ಭಾಷೆಗಳೂ ಇದೇ ದಾರಿ ತುಳಿದಿವೆ. ತಮಿಳಿನಲ್ಲಿ ಮೊದಲಿದ್ದ ‘ಓರಿನಚ್ಚೇರ್ಕೈ’ ಎಂದರೆ ಒಂದೇ ಬಗೆಯವರ ಕೂಡುವಿಕೆ. ಈಗ ಬಳಸುವ ‘ತನ್‌ಪಾಲೀರ್ಪ್ಪು’ ಎಂದರೆ ತನ್ನ ಲಿಂಗದವರ ಕಡೆಗಿನ ಸೆಳೆತ. ಮದ್ರಾಸ್ ಹೈಕೋರ್ಟ್ 2021ರಲ್ಲಿ ಕೈಗೆತ್ತಿಕೊಂಡ ಒಂದು ಪ್ರಕರಣದ ಬೆನ್ನಿಗೆ ತಮಿಳುನಾಡು ಸರ್ಕಾರ 2022ರಲ್ಲಿ ಇಂಥ ಪದಗಳ ಪಟ್ಟಿಯನ್ನು ಗೆಜೆಟ್‌ನಲ್ಲೇ ಪ್ರಕಟಿಸಿತು. ಮಲಯಾಳದಲ್ಲಿ ‘ಸ್ವವರ್ಗಾನುರಾಗಿ’ ಎಂಬ ಪದವಿದೆ, ಅಲ್ಲಿಯೂ ಬಾಲದಲ್ಲಿರುವುದು ಅನುರಾಗ. ಕೂಡುವಿಕೆಯಿಂದ ಸೆಳೆತದ ಕಡೆಗೆ ಪದ ಸರಿದಾಗ, ಹೇಳುವವರ ಕಣ್ಣು ಹಾಸಿಗೆಯಿಂದ ಮನಸ್ಸಿನ ಕಡೆಗೆ ಹೊರಳುತ್ತದೆ.

ಹೆಜ್ಜೆ 3: ಕ್ರಿಯಾಪದವನ್ನು ನೋಡಿಕೊಳ್ಳಿ

ನಾಮಪದ ತಿದ್ದಿದವರೂ ಎಡವುವುದು ಇಲ್ಲಿ. ‘ಸಲಿಂಗಕಾಮ ಮಾಡುತ್ತಾನೆ’, ‘ಸಲಿಂಗಕಾಮದಲ್ಲಿ ತೊಡಗಿದ್ದಾರೆ’, ‘ಸಲಿಂಗಕಾಮಕ್ಕೆ ಬಿದ್ದ’ ಎಂಬ ವಾಕ್ಯಗಳಲ್ಲಿ ಒಲವು ಒಂದು ಕೆಲಸವೋ ಚಟವೋ ಆಗಿಬಿಟ್ಟಿದೆ. ಒಲವನ್ನು ಯಾರೂ ‘ಮಾಡು’ವುದಿಲ್ಲ.

ಕನ್ನಡದ ವಾಕ್ಯರಚನೆಯೇ ಇಲ್ಲಿ ಕೈಹಿಡಿಯುತ್ತದೆ. ನಮ್ಮಲ್ಲಿ ಹಸಿವು, ನಿದ್ದೆ, ನೆನಪು, ಇಷ್ಟ ಎಲ್ಲದರಲ್ಲೂ ಅನುಭವಿಸುವವರು ಚತುರ್ಥಿ ವಿಭಕ್ತಿಯಲ್ಲಿ ಬರುತ್ತಾರೆ: ನನಗೆ ಹಸಿವಾಯಿತು, ನನಗೆ ನಿದ್ದೆ ಬಂತು. ಇಲ್ಲಿ ‘ನಾನು’ ಕರ್ತೃವಲ್ಲ, ಅನುಭವ ನನ್ನ ಬಳಿಗೆ ಬರುತ್ತದೆ. ಒಲವೂ ಹಾಗೆಯೇ. ‘ನನಗೆ ಹುಡುಗರೆಂದರೆ ಇಷ್ಟ’, ‘ಅವಳಿಗೆ ಹೆಣ್ಣುಮಕ್ಕಳ ಮೇಲೆ ಮನಸ್ಸಾಗುತ್ತದೆ’, ‘ಅವರಿಗೆ ಇಬ್ಬರ ಕಡೆಗೂ ಒಲವಿದೆ’. ಇದು ಆರಿಸಿಕೊಂಡದ್ದಲ್ಲ ಎಂಬುದನ್ನು ವಾದ ಹೂಡದೆಯೇ ವ್ಯಾಕರಣ ಹೇಳಿಬಿಡುತ್ತದೆ. ಅದೇ ಕಾರಣಕ್ಕೆ ‘ಲೈಂಗಿಕ ಆದ್ಯತೆ’, ‘ಲೈಂಗಿಕ ಆಯ್ಕೆ’ ಎಂಬ ಅನುವಾದಗಳನ್ನು ಬಿಟ್ಟುಬಿಡಿ.

ಹೇಳಿಕೊಳ್ಳುವುದಕ್ಕೂ ಸರಿಯಾದ ಕ್ರಿಯಾಪದ ಬೇಕು. ‘ತಾನು ಸಲಿಂಗಿ ಎಂದು ಒಪ್ಪಿಕೊಂಡ’ ಎಂದು ಬರೆದರೆ ತಪ್ಪೊಪ್ಪಿಗೆಯ ಛಾಯೆ ಬರುತ್ತದೆ. ‘ಬಯಲಾಯಿತು’, ‘ಸಿಕ್ಕಿಬಿದ್ದರು’ ಎಂಬವು ಪೊಲೀಸ್ ಠಾಣೆಯ ಪದಗಳು. ‘ಹೇಳಿಕೊಂಡರು’, ‘ಮನೆಯವರಿಗೆ ತಿಳಿಸಿದರು’ ಎಂದರೆ ಸಾಕು. ತನ್ನ ಒಲವನ್ನು ಹೇಳಿಕೊಳ್ಳುವುದಕ್ಕೆ ಇಂಗ್ಲಿಷಿನಲ್ಲಿರುವ ಕಮಿಂಗ್ ಔಟ್‌ಗೆ ‘ಹೊರಬಂದ’ ಎಂದಷ್ಟೇ ಬರೆದರೆ ಎಲ್ಲಿಂದ ಹೊರಬಂದ ಎಂದು ಓದುಗರು ಕೇಳುತ್ತಾರೆ. ಒಲವನ್ನು ಬಚ್ಚಿಟ್ಟವರು ಕಪಾಟಿನೊಳಗಿದ್ದಾರೆ ಎಂಬ ಇಂಗ್ಲಿಷಿನ ಆ ರೂಪಕ ಕನ್ನಡದಲ್ಲಿ ಇಲ್ಲ, ತರುವ ಅಗತ್ಯವೂ ಇಲ್ಲ.

ಹೆಜ್ಜೆ 4: ವ್ಯಕ್ತಿಯನ್ನು ಕರೆಯುವಾಗ

‘ಗೇ’ ಎಂಬ ಎರವಲು ಪದವನ್ನು ಕನ್ನಡ ವಾಕ್ಯದಲ್ಲಿ ಒಂಟಿಯಾಗಿ ಬಿಡಬೇಡಿ. ‘ಅವನಿಗೇ’, ‘ಊರಿಗೇ’ ಎಂಬಲ್ಲಿನ ಒತ್ತಿನ ಪ್ರತ್ಯಯದಂತೆ ಕಣ್ಣಿಗೆ ಕಂಡು ಓದು ಮುಗ್ಗರಿಸುತ್ತದೆ. ‘ಗೇ ಯುವಕ’, ‘ಗೇ ಪುರುಷರು’ ಎಂದು ಜೊತೆ ಕೊಡಿ. ‘ಲೆಸ್ಬಿಯನ್ ಮಹಿಳೆ’ ಎನ್ನಬಹುದು, ‘ಲೆಸ್ಬಿಯನ್ನರು’ ಎಂಬ ಬಹುವಚನವೂ ಕಿವಿಗೆ ಒಗ್ಗುತ್ತದೆ. ‘ಹೋಮೋ’ ಎಂಬ ತುಂಡು ಪದ ಮಾತ್ರ ಬೇಡ. 1868–69ರಲ್ಲಿ ಬರಹಗಾರ ಕಾರ್ಲ್ ಮಾರಿಯಾ ಕೆರ್ಟ್‌ಬೆನಿ ಜರ್ಮನ್ ಭಾಷೆಯಲ್ಲಿ ಕಟ್ಟಿದ ‘ಹೋಮೋಸೆಕ್ಶುವಲ್’ ಪದದ ಮೊದಲರ್ಧ ಅದು, ಗ್ರೀಕ್‌ನಲ್ಲಿ ‘ಅದೇ’ ಎಂದಷ್ಟೇ ಅರ್ಥ. ಆದರೆ ನಮ್ಮ ಕಾಲೇಜುಗಳಲ್ಲಿ ಅದು ಅಣಕಿಸಲಿಕ್ಕೆಂದೇ ಬಳಕೆಯಾಗಿದೆ.

‘ಸಲಿಂಗಿಗಳು’ ಎಂಬ ‘ಗಳು’ ನಪುಂಸಕಲಿಂಗದ್ದಲ್ಲವೇ, ಅಗೌರವವಲ್ಲವೇ ಎಂದು ಕೆಲವರು ಹಿಂಜರಿಯುತ್ತಾರೆ. ಕವಿಗಳು, ವಿದ್ಯಾರ್ಥಿಗಳು, ಸ್ವಾಮಿಗಳು ಎಂಬಲ್ಲಿರುವುದೂ ಅದೇ ‘ಗಳು’. ಅಗೌರವ ಇರುವುದು ‘ಅದು ಬಂತು’, ‘ಅವು ಕೂತಿವೆ’ ಎಂಬ ಮಾತಿನಲ್ಲಿ. ಗಂಡಸರನ್ನು ಪ್ರೀತಿಸುವ ಗಂಡಸು ಗಂಡಸೇ, ‘ಅವನು’ ಅಥವಾ ‘ಅವರು’. ಹೆಂಗಸನ್ನು ಪ್ರೀತಿಸುವ ಹೆಂಗಸು ಹೆಂಗಸೇ. ವಾಕ್ಯದಲ್ಲಿ ವ್ಯಕ್ತಿಯ ಲಿಂಗತ್ವ ತಿಳಿಯದಿದ್ದರೆ ‘ಅವರು’ ಎಂಬ ಸಿದ್ಧ ದಾರಿ ಕನ್ನಡದಲ್ಲಿದೆ, ಇಂಗ್ಲಿಷಿನಂತೆ ಒದ್ದಾಡಬೇಕಿಲ್ಲ.

ಸಮುದಾಯದೊಳಗೆ ಕೋಥಿ, ಪಂಥಿ, ಡಬಲ್ ಡೆಕ್ಕರ್ ಎಂಬ ಪದಗಳಿವೆ. ಹೆಣ್ಣಿನ ಹಾವಭಾವವಿರುವ, ಗಂಡಸರ ಕಡೆ ಒಲವಿರುವ ಪುರುಷರು ತಮ್ಮನ್ನು ಕೋಥಿ ಎಂದುಕೊಳ್ಳುತ್ತಾರೆ. ಅವರು ಇಷ್ಟಪಡುವ ‘ಗಂಡಸುತನದ’ ಗಂಡಸಿಗೆ ಪಂಥಿ ಎಂಬ ಹೆಸರು, ಪಂಥಿ ತನ್ನನ್ನು ಹಾಗೆ ಕರೆದುಕೊಳ್ಳುವುದು ಅಪರೂಪ. ಎರಡೂ ಪಾತ್ರಗಳಿಗೆ ಹೊಂದುವವರು ಡಬಲ್ ಡೆಕ್ಕರ್. ಬರೆಯುವಾಗ ‘ಥ’ ಬಿಟ್ಟುಹೋಗದಂತೆ ನೋಡಿಕೊಳ್ಳಿ: ‘ಕೋತಿ’ ಎಂದು ಅಚ್ಚಾದರೆ ಓದುಗರಿಗೆ ಮರದ ಮೇಲಿನ ಮಂಗ ಕಾಣುತ್ತದೆ, ಆ ಮನುಷ್ಯರಿಗೆ ನೋವಾಗುತ್ತದೆ. ಇವರು ತಮ್ಮತಮ್ಮಲ್ಲಿ ‘ಏನೇ, ಬಾರೇ’ ಎಂದು ಹೆಣ್ಣಿನ ರೂಪದಲ್ಲಿ ಮಾತಾಡಿಕೊಳ್ಳುತ್ತಾರೆ. ಅದು ಅವರೊಳಗಿನ ಸಲುಗೆ, ಹೊರಗಿನವರು ಎತ್ತಿಕೊಳ್ಳುವಂಥದ್ದಲ್ಲ.

ಜೋಗಪ್ಪ ಎಂಬುದು ಸವದತ್ತಿ ಎಲ್ಲಮ್ಮನ ಭಕ್ತಿ ಪರಂಪರೆಯ ಹೆಸರು. ಪದ್ಮಶ್ರೀ ಪಡೆದ ಮಂಜಮ್ಮ ಜೋಗತಿ ಅವರು ಬಂದದ್ದೂ ಆ ಪರಂಪರೆಯಿಂದ. ಜೋಗಪ್ಪ, ಹಿಜ್ರಾ, ಮಂಗಳಮುಖಿ ಇವು ಯಾವುವೂ ಗೇ ಎಂಬುದಕ್ಕೆ ಕನ್ನಡ ಪದಗಳಲ್ಲ. ಮಂಗಳಮುಖಿ ಎಂಬ ಮಾತು ಟ್ರಾನ್ಸ್ ಮಹಿಳೆಯರಲ್ಲಿ ಕೆಲವರಿಗೆ ಪ್ರಿಯ, ಕೆಲವರಿಗೆ ಬೇಡ. ಕೇಳಿ ಬಳಸಿ.

ಬೈಸೆಕ್ಶುವಲ್‌ಗೆ ‘ದ್ವಿಲಿಂಗಿ’ ಎಂದು ನಿಘಂಟು ನೋಡಿ ಬರೆಯುವವರು ವಿಜ್ಞಾನದ ಪಾಠವನ್ನು ಮರೆತಿದ್ದಾರೆ. ಕೇಸರವೂ ಶಲಾಕೆಯೂ ಒಂದರಲ್ಲೇ ಇರುವ ದಾಸವಾಳ ದ್ವಿಲಿಂಗಿ ಹೂ, ಪಪ್ಪಾಯಿಯದು ಏಕಲಿಂಗಿ. ಮನುಷ್ಯರ ಬಗ್ಗೆ ‘ದ್ವಿಲಿಂಗಿ’ ಎಂದರೆ ಎರಡು ಬಗೆಯ ಅಂಗಗಳಿರುವವರು ಎಂಬ ಅರ್ಥ ಹೊಮ್ಮುತ್ತದೆ. ‘ಗಂಡು, ಹೆಣ್ಣು ಇಬ್ಬರ ಕಡೆಗೂ ಒಲವಿರುವವರು’ ಎಂದು ಒಮ್ಮೆ ಬಿಡಿಸಿ ಹೇಳಿ, ಆಮೇಲೆ ಬೈಸೆಕ್ಶುವಲ್ ಎಂದೇ ಮುಂದುವರಿಸಿ. ಯಾರ ಕಡೆಗೂ ಲೈಂಗಿಕ ಸೆಳೆತವಿಲ್ಲದವರನ್ನು (ಅಸೆಕ್ಶುವಲ್) ‘ಅಲೈಂಗಿಕ’ ಎಂದರೂ ಇದೇ ತೊಡಕು, ಅದು ಸಂತಾನೋತ್ಪತ್ತಿಯ ಪಾಠದ ಪದ.

ಹೆಜ್ಜೆ 5: ಜೋಡಿಯ ಬಗ್ಗೆ ಬರೆಯುವಾಗ

‘ಸಂಗಾತಿ’ ಕನ್ನಡದ ಭಾಗ್ಯ. ಗಂಡಿಗೂ ಹೆಣ್ಣಿಗೂ ಒಂದೇ ರೂಪ, ಹಳ್ಳಿಯಲ್ಲೂ ಅರ್ಥವಾಗುತ್ತದೆ, ಬಾಳಿನುದ್ದದ ಜೊತೆ ಎಂಬ ಭಾವವೂ ಅದರಲ್ಲಿದೆ. ಯಂತ್ರಾನುವಾದದಲ್ಲಿ ಪಾರ್ಟ್ನರ್ ಎಂಬುದಕ್ಕೆ ‘ಪಾಲುದಾರ’ ಎಂದು ಬಂದರೆ ತಿದ್ದಿ, ಅದು ಅಂಗಡಿಯ ಲಾಭ ಹಂಚಿಕೊಳ್ಳುವವರ ಹೆಸರು. ‘ಆಕೆಯ ಗೆಳತಿ’ ಎಂದರೆ ಸ್ನೇಹಿತೆಯೋ ಪ್ರಿಯತಮೆಯೋ ತಿಳಿಯದು. ಪ್ರೀತಿಯ ಸಂಬಂಧವೆಂದು ಅವರೇ ಹೇಳಿದ್ದರೆ ‘ಸಂಗಾತಿ’ ಎಂದು ನೇರವಾಗಿ ಬರೆಯಿರಿ. ‘ಆಪ್ತ ಗೆಳತಿಯರು’ ಎಂದು ಮರೆಮಾಚುವುದೂ ಒಂದು ಸುಳ್ಳೇ.

‘ದಂಪತಿ’ಗೆ ಕಾನೂನಿನ ಆಯಾಮವಿದೆ. 2023ರ ಅಕ್ಟೋಬರ್ 17ರ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್ ಸಲಿಂಗ ವಿವಾಹಕ್ಕೆ ಮಾನ್ಯತೆ ಕೊಡಲಿಲ್ಲ, ಅದು ಶಾಸಕಾಂಗದ ಕೆಲಸ ಎಂದಿತು. ಹಾಗಾಗಿ ಭಾರತದ ಸುದ್ದಿಯಲ್ಲಿ ‘ಸಲಿಂಗ ಜೋಡಿ’ ಎಂಬುದು ವಸ್ತುಸ್ಥಿತಿಗೆ ಹತ್ತಿರ, ಅವರು ತಮ್ಮನ್ನು ದಂಪತಿ ಎಂದು ಕರೆದುಕೊಂಡರೆ ಅವರ ಮಾತಾಗಿ ಅದನ್ನು ಕೊಡಿ. 2001ರಿಂದ ನೆದರ್‌ಲ್ಯಾಂಡ್ಸ್‌ನಲ್ಲಿ, 2019ರಿಂದ ತೈವಾನ್‌ನಲ್ಲಿ, 2025ರ ಜನವರಿಯಿಂದ ಥಾಯ್ಲೆಂಡ್‌ನಲ್ಲಿ ಇಂಥ ಮದುವೆ ಕಾನೂನುಸಮ್ಮತ. ಅಲ್ಲಿ ಮದುವೆಯಾದವರು ದಂಪತಿಗಳೇ, ಉದ್ಧರಣ ಚಿಹ್ನೆ ಹಾಕಿ ಅನುಮಾನ ಹುಟ್ಟಿಸಬೇಡಿ.

ಕಾನೂನು ಮತ್ತು ಆಸ್ಪತ್ರೆಯ ಪದಗಳು

ಸಲಿಂಗ ಸಂಬಂಧವನ್ನೂ ಅಪರಾಧವಾಗಿಸಿದ್ದ ಭಾರತೀಯ ದಂಡ ಸಂಹಿತೆಯ 377ನೇ ಸೆಕ್ಷನ್ 1860ರ ಕಾಯ್ದೆಯದು. ಅದರ ತಲೆಬರಹದಿಂದ ಬಂದದ್ದೇ ‘ಅನೈಸರ್ಗಿಕ’, ‘ಅಸಹಜ ಲೈಂಗಿಕ ಕ್ರಿಯೆ’ ಎಂಬ ಮಾತುಗಳು. 2009ರಲ್ಲಿ ದೆಹಲಿ ಹೈಕೋರ್ಟ್ ಕೊಟ್ಟ ಬಿಡುಗಡೆಯನ್ನು 2013ರಲ್ಲಿ ಸುಪ್ರೀಂ ಕೋರ್ಟ್ ರದ್ದುಮಾಡಿತು. 2018ರ ಸೆಪ್ಟೆಂಬರ್ 6ರಂದು ಐವರು ನ್ಯಾಯಮೂರ್ತಿಗಳ ಪೀಠ, ವಯಸ್ಕರು ಪರಸ್ಪರ ಒಪ್ಪಿಗೆಯಿಂದ ಖಾಸಗಿಯಾಗಿ ಹೊಂದುವ ಸಂಬಂಧ ಅಪರಾಧವಲ್ಲ ಎಂದಿತು. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನ್ಯಾಯ ಸಂಹಿತೆಯಲ್ಲಿ ಆ ಸೆಕ್ಷನ್ ಇಲ್ಲವೇ ಇಲ್ಲ. ಹೀಗಿರುವಾಗ ‘ಅನೈಸರ್ಗಿಕ’ ಎಂಬ ಪದ ಹಳೆಯ ದಾಖಲೆಯನ್ನು ಉಲ್ಲೇಖಿಸುವಲ್ಲಿ ಮಾತ್ರ ಬರಬೇಕು, ನಿಮ್ಮ ವಿವರಣೆಯಲ್ಲಿ ಅಲ್ಲ.

ಅಪರಾಧ ವರದಿಯಲ್ಲಿ ಆಗುವ ದೊಡ್ಡ ಅನ್ಯಾಯವೊಂದಿದೆ. ಹುಡುಗನೊಬ್ಬನ ಮೇಲೆ ಗಂಡಸು ದೌರ್ಜನ್ಯ ನಡೆಸಿದರೆ ‘ಸಲಿಂಗಕಾಮಿ ಬಂಧನ’, ‘ಬಾಲಕನನ್ನು ಸಲಿಂಗಕಾಮಕ್ಕೆ ಬಳಸಿದ’ ಎಂದು ತಲೆಬರಹ ಬರುತ್ತದೆ. ಅದು ಬಾಲಕನ ಮೇಲಿನ ಲೈಂಗಿಕ ದೌರ್ಜನ್ಯ, 2012ರ ಪೋಕ್ಸೊ ಕಾಯ್ದೆಯಡಿ ಅಪರಾಧ, ಆ ಕಾಯ್ದೆ ಗಂಡುಮಗು ಹೆಣ್ಣುಮಗು ಎಂಬ ಭೇದ ಮಾಡುವುದಿಲ್ಲ. ಹೆಣ್ಣುಮಗುವಿನ ಮೇಲೆ ದೌರ್ಜನ್ಯವಾದಾಗ ‘ಭಿನ್ನಲಿಂಗಕಾಮಿ ಬಂಧನ’ ಎಂದು ಬರೆಯದ ಕೈ ಇಲ್ಲಿಯೂ ತಡೆಯಬೇಕು.

‘ರೋಗ’, ‘ವಿಕೃತಿ’, ‘ಗೀಳು’, ‘ಗುಣಪಡಿಸು’ ಈ ಗುಂಪಿನ ಪದಗಳನ್ನು ಪೂರ್ತಿ ತೆಗೆಯಿರಿ. ವಿಶ್ವ ಆರೋಗ್ಯ ಸಂಸ್ಥೆ 1990ರ ಮೇ 17ರಂದು ತನ್ನ ರೋಗಗಳ ಪಟ್ಟಿಯಿಂದ ಸಲಿಂಗ ಆಕರ್ಷಣೆಯನ್ನು ಕೈಬಿಟ್ಟಿತು. ಅದನ್ನು ‘ಬದಲಾಯಿಸುವ’ ಚಿಕಿತ್ಸೆ ವೈದ್ಯರ ವೃತ್ತಿ ದುರ್ನಡತೆ ಎಂದು ರಾಷ್ಟ್ರೀಯ ವೈದ್ಯಕೀಯ ಆಯೋಗ 2022ರಲ್ಲಿ ಹೇಳಿದೆ. ಮಗನನ್ನೋ ಮಗಳನ್ನೋ ‘ಸರಿಮಾಡಿಸಲು’ ಎಂದು ಯಾರಾದರೂ ಆಸ್ಪತ್ರೆಯ ಹೆಸರು ಕೇಳಿದರೆ ಈ ಎರಡು ಸಂಗತಿಗಳನ್ನು ಮೊದಲು ಹೇಳಿ.

ಬೈಗುಳಗಳ ಬಗ್ಗೆ ಚಿಕ್ಕದಾಗಿ

ಚಕ್ಕ, ಒಂಬತ್ತು, ಖೋಜಾ ಎಂಬವು ನೇರ ಬೈಗುಳಗಳು. ಹೆಣ್ಣಿಗ, ಗಂಡುಬೀರಿ, ಶಿಖಂಡಿ ಎಂಬವು ನಡೆನುಡಿಯನ್ನು ಹಂಗಿಸುವ ಮಾತುಗಳು, ಆಕರ್ಷಣೆಗೂ ಅವಕ್ಕೂ ಸಂಬಂಧವೇ ಇಲ್ಲ. ಮೃದುವಾಗಿ ಮಾತಾಡುವ ಹುಡುಗನಿಗೆ ಹುಡುಗಿಯರೇ ಇಷ್ಟವಿರಬಹುದು. ತರಗತಿಯಲ್ಲಿ ಇವು ಕೇಳಿಬಂದಾಗ ಬೈಸಿಕೊಂಡ ಮಗುವನ್ನು ಎಬ್ಬಿಸಿ ನಿಲ್ಲಿಸಿ ಸಮಾಧಾನ ಮಾಡಬೇಡಿ, ಎಲ್ಲರ ಕಣ್ಣೂ ಅವನ ಮೇಲೆ ಬೀಳುತ್ತದೆ. ‘ಈ ಪದ ಈ ಕೋಣೆಯಲ್ಲಿ ಬೇಡ’ ಎಂದು ಅಂದವರಿಗೆ ಹೇಳಿ ಪಾಠ ಮುಂದುವರಿಸಿ, ಮಗುವಿನ ಜೊತೆ ಆಮೇಲೆ ಒಂಟಿಯಾಗಿ ಮಾತಾಡಿ.

ಮನೆಯಲ್ಲಿ ಮಾತು ತೆಗೆಯುವಾಗ

ಇಲ್ಲಿ ಮೇಲಿನ ಯಾವ ಸಂಸ್ಕೃತ ಪದವೂ ಬೇಡ. ಅಜ್ಜಿಗೆ ‘ಲೈಂಗಿಕ’ ಎಂಬ ಪದವೇ ಮುಜುಗರ, ಅದನ್ನು ಕೇಳಿದ ಮೇಲೆ ಮುಂದಿನ ಮಾತು ಕಿವಿಗೆ ಹೋಗುವುದಿಲ್ಲ. ಮದುವೆಯ ವಿಷಯ ಬಂದಾಗ, ‘ಅಜ್ಜಿ, ಇವನಿಗೆ ಹುಡುಗೀರ ಮೇಲೆ ಮನಸ್ಸಾಗಲ್ಲ, ಹುಡುಗರ ಮೇಲೆ ಮನಸ್ಸಾಗತ್ತೆ. ಹುಟ್ಟುಗುಣ ಅದು. ಕಟ್ಟಿಕೊಂಡು ಬಂದ ಹುಡುಗಿ ಬಾಳೂ ಹಾಳಾಗತ್ತೆ’ ಎಂದರೆ ವಿಷಯ ಮುಟ್ಟುತ್ತದೆ. ಧಾರವಾಡದ ಕಡೆ ‘ಅವಗ ಹುಡುಗ್ಯಾರ ಮ್ಯಾಲ ಮನಸ್ಸಿಲ್ಲಬೇ, ಹುಡುಗರ ಮ್ಯಾಲ ಐತಿ’ ಎಂದರೆ ಸಾಕು. ‘ಹಾಗಂದ್ರೆ ಅವನು ಹಿಜ್ರಾ ಆಗ್ತಾನಾ’ ಎಂಬುದು ಬಹುತೇಕ ಬಂದೇ ಬರುವ ಪ್ರಶ್ನೆ. ‘ಇಲ್ಲ, ಅವನು ಗಂಡಸೇ, ಗಂಡಸಾಗೇ ಇರ್ತಾನೆ, ಅವನ ಪ್ರೀತಿ ಮಾತ್ರ ಗಂಡಸಿನ ಕಡೆ’ ಎಂದು ಒಂದೇ ಉಸಿರಿನಲ್ಲಿ ಉತ್ತರ ಸಿದ್ಧವಿರಲಿ.

ಇದನ್ನು ಹೇಳುವ ಹಕ್ಕು ಆ ಹುಡುಗನದು ಅಥವಾ ಆ ಹುಡುಗಿಯದು. ಅವರು ಅಮ್ಮನಿಗೆ ಹೇಳಿದ್ದು ಚಿಕ್ಕಪ್ಪನಿಗೂ ಹೇಳಿದಂತಲ್ಲ. ಯಾರಿಗೆ ಹೇಳಬಹುದು, ಯಾವ ಪದದಲ್ಲಿ ಹೇಳಬೇಕು ಎಂದು ಕೇಳಿಕೊಂಡೇ ಬಾಯಿ ತೆರೆಯಿರಿ.

ಅರ್ಜಿಯ ಖಾನೆಗಳು

ಸಂಸ್ಥೆ, ಸಂಘ, ಆಸ್ಪತ್ರೆಗಳಲ್ಲಿ ನಮೂನೆ ತಯಾರಿಸುವವರು ‘ಗಂಡ/ಹೆಂಡತಿಯ ಹೆಸರು’ ಎಂಬ ಖಾನೆಯ ಬದಲು ‘ಸಂಗಾತಿಯ ಹೆಸರು’ ಎಂದು ಅಚ್ಚು ಹಾಕಿಸಬಹುದು, ಯಾರಿಗೂ ತೊಂದರೆಯಿಲ್ಲ. ಲೈಂಗಿಕ ಅಲ್ಪಸಂಖ್ಯಾತರು ಜಂಟಿ ಬ್ಯಾಂಕ್ ಖಾತೆ ತೆರೆಯಲು, ಸಂಗಾತಿಯನ್ನು ನಾಮಿನಿ ಮಾಡಲು ಯಾವ ನಿರ್ಬಂಧವೂ ಇಲ್ಲ ಎಂದು ಕೇಂದ್ರ ಹಣಕಾಸು ಸಚಿವಾಲಯ 2024ರ ಆಗಸ್ಟ್‌ನಲ್ಲಿ ಸ್ಪಷ್ಟಪಡಿಸಿದೆ. ನಾಮಿನಿ ಅರ್ಜಿಯಲ್ಲಿ ‘ಸಂಬಂಧ’ ಎಂದು ಕೇಳುವ ಕಡೆ ‘ಸ್ನೇಹಿತ’ ಎಂದು ಬರೆಯುವುದು ರೂಢಿ. ‘ಸಂಗಾತಿ’ ಎಂದು ಬರೆಯಲು ಇಬ್ಬರಿಗೂ ಒಪ್ಪಿಗೆಯಿದ್ದರೆ ಹಾಗೆಯೇ ಬರೆಯಿರಿ. ಕೌಂಟರಿನವರು ಪ್ರಶ್ನಿಸಿದರೆ ಆ ಸ್ಪಷ್ಟನೆಯ ಪ್ರತಿಯೊಂದನ್ನು ಮೊಬೈಲಿನಲ್ಲಿ ತೆರೆದು ತೋರಿಸಿ.